ಒಡೆಯನಿಲ್ಲದ ಹೆಸರು: ‘ಅಪಿಕೋರೋಸ್’ ಪದದ ಎರಡು ಸಾವಿರ ವರ್ಷ

ಊರಿನಲ್ಲಿ ಮಸಲತ್ತು ಮಾಡಿ ಮನೆ ಮುರಿಯುವವನನ್ನು ಶಕುನಿ ಎನ್ನುತ್ತೇವೆ. ಹೊತ್ತು ನೆತ್ತಿಗೇರಿದರೂ ಏಳದವನು ಕುಂಭಕರ್ಣ. ಬೈಯುವವರಿಗೂ ಬೈಸಿಕೊಳ್ಳುವವರಿಗೂ ಹಿಂದಿನ ಕಥೆ ಗೊತ್ತಿರುತ್ತದೆ. ಮಹಾಭಾರತವೇ ಮರೆತುಹೋಗಿ ಶಕುನಿ ಎಂಬ ಬೈಗುಳವೊಂದೇ ಉಳಿದಿದ್ದರೆ? ಯಾರಾದರೂ ಪಂಡಿತರು ಅದನ್ನು ‘ಶಕುನ’ಕ್ಕೆ ತಳುಕು ಹಾಕಿ, ಕೆಟ್ಟ ಶಕುನದ ಮನುಷ್ಯ ಎಂದು ಅರ್ಥ ಬರೆಯುತ್ತಿದ್ದರು, ಓದಿದವರೂ ಹೌದೆನ್ನುತ್ತಿದ್ದರು. ಹೀಬ್ರೂ ಭಾಷೆಯ ‘ಅಪಿಕೋರೋಸ್’ ಎಂಬ ಪದಕ್ಕೆ ಆದದ್ದು ಇದೇ.

ಯೆಹೂದಿ ಗ್ರಂಥಗಳಲ್ಲಿ ಇದು ಧರ್ಮದಿಂದ ಹೊರಬಿದ್ದವನಿಗೆ, ಗುರುಹಿರಿಯರನ್ನು ಹಳಿಯುವವನಿಗೆ, ದೇವರು ಮನುಷ್ಯರ ಮೇಲೆ ಕಣ್ಣಿಟ್ಟಿದ್ದಾನೆ ಎಂಬುದನ್ನು ಒಪ್ಪದವನಿಗೆ ಇಟ್ಟ ಹೆಸರು. ಕನ್ನಡದಲ್ಲಿ ಹತ್ತಿರದ ಪದ ನಾಸ್ತಿಕ. ಅದೂ ದೇವರಿಲ್ಲ ಎನ್ನುವವನು ಎಂಬ ಈಗಿನ ಬಳಕೆಯಲ್ಲಲ್ಲ, ವೇದವನ್ನು ನಿಂದಿಸುವವನೇ ನಾಸ್ತಿಕ ಎಂದ ಮನುಸ್ಮೃತಿಯ ಬಳಕೆಯಲ್ಲಿ. ಆದರೆ ನಾಸ್ತಿಕ ಎಂಬ ಪದದೊಳಗೆ ಯಾವ ವ್ಯಕ್ತಿಯೂ ಕೂತಿಲ್ಲ. ಅಪಿಕೋರೋಸ್ ಎಂಬುದರೊಳಗೆ ಒಬ್ಬ ಮನುಷ್ಯನಿದ್ದಾನೆ. ಅವನನ್ನು ಮರೆತವರು ಅವನು ಎತ್ತಿದ ಪ್ರಶ್ನೆಯನ್ನು ಮರೆಯಲಾಗಲಿಲ್ಲ. ಈ ಪದದ ಚರಿತ್ರೆ ನನ್ನನ್ನು ಹಿಡಿದಿಟ್ಟಿರುವುದು ಆ ಕಾರಣಕ್ಕೆ.

ಆ ಮನುಷ್ಯ ಗ್ರೀಸಿನ ಎಪಿಕ್ಯೂರಸ್. ಕ್ರಿ.ಪೂ. 341ರಲ್ಲಿ ಸಾಮೋಸ್ ದ್ವೀಪದಲ್ಲಿ ಹುಟ್ಟಿದ. ಅಥೆನ್ಸಿನಲ್ಲಿ ಒಂದು ತೋಟ ಕೊಂಡು, ಗೆಳೆಯರನ್ನು ಕೂಡಿಸಿಕೊಂಡು ಅಲ್ಲೇ ಬದುಕಿ, ಕ್ರಿ.ಪೂ. 270ರಲ್ಲಿ ತೀರಿಕೊಂಡ. ಆ ತೋಟದ ಬಾಗಿಲು ಹೆಂಗಸರಿಗೂ ಗುಲಾಮರಿಗೂ ತೆರೆದಿತ್ತು. ಸುಖವೇ ಬಾಳಿನ ಗುರಿ ಎಂದ ಇವನ ಊಟ ರೊಟ್ಟಿ ಮತ್ತು ನೀರು. ಒಂದು ಸಣ್ಣ ಗಡಿಗೆ ಚೀಸ್ ಕಳಿಸಿಕೊಡು, ಮನಸ್ಸಾದ ದಿನ ಹಬ್ಬದೂಟ ಮಾಡುತ್ತೇನೆ ಎಂದು ಗೆಳೆಯನೊಬ್ಬನಿಗೆ ಬರೆದಿದ್ದನಂತೆ. ಜಗತ್ತೆಂದರೆ ಪರಮಾಣುಗಳು ಮತ್ತು ಬಯಲು, ಅಷ್ಟೇ ಎನ್ನುತ್ತಿದ್ದ. ದೇಹ ಬಿದ್ದಾಗ ಆತ್ಮವೂ ಚದುರಿಹೋಗುತ್ತದೆ, ಆದ್ದರಿಂದ ಸಾವಿಗೆ ಅಂಜಬೇಕಿಲ್ಲ. ದೇವತೆಗಳಿದ್ದಾರೆ, ಆದರೆ ಅವರು ತುಂಬು ಆನಂದದಲ್ಲಿರುವವರು. ನಮ್ಮ ಮಳೆ ಬೆಳೆ, ಪಾಪ ಪುಣ್ಯಗಳ ಗೊಡವೆ ಅವರಿಗಿಲ್ಲ. ಹಾಗಾಗಿ ಅವರಿಗೂ ಅಂಜಬೇಕಿಲ್ಲ.

ದೇವರಿಲ್ಲ ಎಂದು ಅವನು ಹೇಳಲಿಲ್ಲ, ದೇವರು ನೋಡುತ್ತಿಲ್ಲ ಎಂದ. ಯೆಹೂದಿ ನಂಬಿಕೆಗೆ ಈ ಎರಡನೆಯ ಮಾತೇ ಹೆಚ್ಚು ಪೆಟ್ಟು ಕೊಡುವಂಥದ್ದು. ಆ ನಂಬಿಕೆ ನಿಂತಿರುವುದು ಈಜಿಪ್ಟಿನಲ್ಲಿ ಇಟ್ಟಿಗೆ ಹೊರುತ್ತಿದ್ದ ಗುಲಾಮರ ಗೋಳು ಕೇಳಿ ಇಳಿದುಬಂದ ದೇವರ ಮೇಲೆ. ಕೇಳಿಸಿಕೊಳ್ಳದ ದೇವರು ಇದ್ದರೂ ಇಲ್ಲದ ಹಾಗೆಯೇ.

ಎಪಿಕ್ಯೂರಸ್‌ನ ಮಾತು ಯೆಹೂದಿಗಳ ನಾಡಿಗೆ ದೂರದ್ದಾಗಿರಲಿಲ್ಲ. ಗಲಿಲೀ ಸರೋವರದ ಆಗ್ನೇಯಕ್ಕಿರುವ ಗದಾರಾ ಊರಿನಲ್ಲಿ ಹುಟ್ಟಿದ ಫಿಲೊಡೆಮಸ್ ಆ ಪಂಥದ ದೊಡ್ಡ ಬರಹಗಾರ. ಇಟಲಿಗೆ ಹೋಗಿ ನೆಲೆಸಿದ ಅವನ ಪುಸ್ತಕಗಳು, ಕ್ರಿ.ಶ. 79ರಲ್ಲಿ ವೆಸುವಿಯಸ್ ಸಿಡಿದಾಗ ಹೂತುಹೋದ ಹರ್ಕ್ಯುಲೇನಿಯಂ ನಗರದ ಬಂಗಲೆಯೊಂದರಲ್ಲಿ ಇದ್ದಿಲಿನಂತೆ ಕರಿಕಾದ ಸುರುಳಿಗಳಾಗಿ ಸಿಕ್ಕಿವೆ. ಅದೇ ಶತಮಾನದ ಯೆಹೂದಿ ಇತಿಹಾಸಕಾರ ಜೋಸೆಫಸ್, ಪ್ರವಾದಿ ದಾನಿಯೇಲನ ಕಥೆ ಹೇಳಿ ಮುಗಿಸಿದವನೇ ಎಪಿಕ್ಯೂರಸ್‌ನ ಅನುಯಾಯಿಗಳ ಕಡೆ ತಿರುಗುತ್ತಾನೆ. ದಾನಿಯೇಲ್ ಮುಂಚೆಯೇ ನುಡಿದದ್ದೆಲ್ಲ ನಡೆದಿರುವಾಗ, ಜಗತ್ತು ಸಾರಥಿಯಿಲ್ಲದೆ ತಾನೇ ಓಡುತ್ತಿದೆ ಎನ್ನುವವರು ಎಷ್ಟು ತಪ್ಪು ತಿಳಿದಿದ್ದಾರೆ ನೋಡಿ ಎಂಬುದು ಅವನ ವಾದ. ಜೋಸೆಫಸ್‌ಗೆ ಎಪಿಕ್ಯೂರಸ್ ಯಾರೆಂದು ಚೆನ್ನಾಗಿ ಗೊತ್ತಿತ್ತು.

ಸುಮಾರು ಕ್ರಿ.ಶ. 200ರಲ್ಲಿ ಯೆಹೂದಿಗಳ ಮೌಖಿಕ ಧರ್ಮಶಾಸ್ತ್ರ ‘ಮಿಶ್ನಾ’ ಎಂಬ ಹೆಸರಿನಲ್ಲಿ ಒಂದುಗೂಡಿತು. ಅದರ ಸನ್‌ಹೆಡ್ರಿನ್ ಭಾಗದ ಹತ್ತನೆಯ ಅಧ್ಯಾಯ, ಇಸ್ರೇಲಿನ ಎಲ್ಲರಿಗೂ ಬರಲಿರುವ ಲೋಕದಲ್ಲಿ ಪಾಲುಂಟು ಎಂದು ಶುರುವಾಗಿ, ಆ ಪಾಲು ಕಳೆದುಕೊಳ್ಳುವವರು ಯಾರೆಂದು ಹೇಳುತ್ತದೆ. ಸತ್ತವರು ಮತ್ತೆ ಏಳುವುದಿಲ್ಲ ಎನ್ನುವವನು, ಯೆಹೂದಿಗಳ ಮೂಲ ಧರ್ಮಗ್ರಂಥವಾದ ತೋರಾ ದೇವರಿಂದ ಬಂದದ್ದಲ್ಲ ಎನ್ನುವವನು, ಮತ್ತು ಅಪಿಕೋರೋಸ್. ಮೊದಲಿಬ್ಬರು ಏನೆನ್ನುತ್ತಾರೆ ಎಂಬುದು ಅಲ್ಲೇ ಇದೆ. ಮೂರನೆಯವನದು ಬರೀ ಹೆಸರು. ಅದೇ ಮಿಶ್ನಾದ ‘ಹಿರಿಯರ ನುಡಿ’ ಭಾಗದಲ್ಲಿ ಎಲಾಜರ್ ಬೆನ್ ಅರಾಖ್ ಎಂಬ ಗುರು, ಅಪಿಕೋರೋಸ್‌ಗೆ ಏನು ಉತ್ತರ ಕೊಡಬೇಕೆಂಬುದನ್ನು ಕಲಿತುಕೊಂಡಿರಬೇಕು ಎನ್ನುತ್ತಾನೆ. ಒಂದು ಕಡೆ ಪರಲೋಕದಿಂದ ಹೊರಗೆ, ಇನ್ನೊಂದು ಕಡೆ ಎದುರು ಕೂತು ಉತ್ತರ ಕೊಡಬೇಕಾದ ವಾದಿ. ಈ ಪದ ಮುಂದೆ ಹಿಡಿದ ಎರಡು ದಾರಿಗಳೂ ಆಗಲೇ ಅಲ್ಲಿವೆ.

ಬ್ಯಾಬಿಲೋನಿಯದ ಪಾಠಶಾಲೆಗಳಿಗೆ ಹೋಗುವಷ್ಟರಲ್ಲಿ ಹೆಸರಿನ ಒಡೆಯ ಮರೆಯಾಗಿದ್ದ. ಅಲ್ಲಿಯ ಗುರುಗಳ ಮಾತು ಅರಾಮಿಕ್. ಅಪಿಕೋರೋಸ್ ಎಂದರೆ ಯಾರು ಎಂದು, ಮಿಶ್ನಾದ ಮೇಲಿನ ವಾದಗಳ ಸಂಗ್ರಹವಾದ ತಾಲ್ಮುಡ್‌ನಲ್ಲಿ ಚರ್ಚೆಯಾದಾಗ ಪರಮಾಣುವಿನ ಸುದ್ದಿಯಾಗಲಿ, ತೋಟದ ಸುದ್ದಿಯಾಗಲಿ ಬರುವುದಿಲ್ಲ. ವಿದ್ವಾಂಸನನ್ನು ಅವಮಾನಿಸುವವನು ಎಂದು ಕೆಲವರು. ವಿದ್ವಾಂಸನ ಎದುರಿನಲ್ಲಿ ಬೇರೊಬ್ಬನನ್ನು ಅವಮಾನಿಸುವವನು ಎಂದು ಇನ್ನು ಕೆಲವರು. ಗುರುವನ್ನು ಹೆಸರು ಹಿಡಿದು ಕರೆಯುವವನು ಎಂದು ಮತ್ತೊಬ್ಬ. ನಾಲ್ಕನೆಯ ಶತಮಾನದ ರಾವಾ ಎಂಬ ಗುರು ಒಂದು ಮನೆಯನ್ನೇ ತೋರಿಸುತ್ತಾನೆ. ವೈದ್ಯ ಬೆನ್ಯಾಮಿನ್‌ನ ಮನೆಯವರು, ಈ ರಬ್ಬಿಗಳಿಂದ ನಮಗೇನು ಪ್ರಯೋಜನ, ಕಾಗೆ ತಿನ್ನಬಹುದೆಂದು ಅವರು ಯಾವತ್ತೂ ಹೇಳಿದ್ದಿಲ್ಲ, ಪಾರಿವಾಳ ತಿನ್ನಬಾರದೆಂದೂ ಹೇಳಿದ್ದಿಲ್ಲ ಎನ್ನುತ್ತಿದ್ದರಂತೆ. ತೋರಾದಲ್ಲಿ ಇದ್ದದ್ದನ್ನೇ ಮತ್ತೆ ಹೇಳುವುದಕ್ಕೆ ಇವರೇಕೆ ಎಂಬುದು ಅವರ ತಕರಾರು. ಆ ಮನೆಯಿಂದ ಒಂದು ಪ್ರಾಣಿಯ ಮಾಂಸ ತಿನ್ನಲು ಯೋಗ್ಯವೋ ಅಲ್ಲವೋ ಎಂಬ ಪ್ರಶ್ನೆ ಬಂದಾಗ ರಾವಾ ಪರೀಕ್ಷೆ ಮಾಡಿ, ತಿನ್ನಬಹುದಾದರೆ ನೋಡಿ ಕಾಗೆಯನ್ನು ಬಿಟ್ಟುಕೊಟ್ಟೆ ಎಂದೂ, ಬಾರದಾದರೆ ನೋಡಿ ಪಾರಿವಾಳವನ್ನು ತಡೆದೆ ಎಂದೂ ಉತ್ತರಿಸುತ್ತಿದ್ದ. ಅಪಿಕೋರೋಸ್ ಈಗ ಆಕಾಶದ ಒಡೆತನ ಪ್ರಶ್ನಿಸುವವನಲ್ಲ, ಬೀದಿಯ ಪಂಡಿತನ ಅಧಿಕಾರ ಪ್ರಶ್ನಿಸುವವನು. ಜೆರುಸಲೇಮ್ ತಾಲ್ಮುಡ್ ಇದನ್ನು ಮೋಶೆಯ ಕಾಲಕ್ಕೇ ಒಯ್ಯುತ್ತದೆ. ಮರುಭೂಮಿಯಲ್ಲಿ ಮೋಶೆಯ ವಿರುದ್ಧ ಬಂಡೆದ್ದ ಕೋರಹನೇ ಅಪಿಕೋರೋಸ್. ಅಂಚಿನಲ್ಲಿ ನೀಲಿ ದಾರವಿರಬೇಕೆಂಬ ನಿಯಮವಿರುವಾಗ ಇಡೀ ಬಟ್ಟೆಯೇ ನೀಲಿಯಾಗಿದ್ದರೆ ದಾರ ಬೇಕೋ ಎಂದು ಕೇಳಿದವನು ಅವನು. ಎಪಿಕ್ಯೂರಸ್ ಹುಟ್ಟುವುದಕ್ಕೆ ಶತಶತಮಾನಗಳ ಮೊದಲೇ ಬದುಕಿದ್ದವನಿಗೆ ಅವನ ಹೆಸರು!

ಹೆಸರು ಮರೆತರೂ ಕಿವಿಗೆ ಒಂದು ಸಂಬಂಧ ಬೇಕಾಗುತ್ತದೆ. ಅರಾಮಿಕ್ ಮತ್ತು ಹೀಬ್ರೂವಿನ ಪ-ಕ-ರ ಧಾತು ಸಿಕ್ಕಿತು. ಕಡಿವಾಣ ಬಿಚ್ಚಿಕೊಂಡು ಹೋಗುವುದು ಎಂಬರ್ಥದ ಕ್ರಿಯಾಪದ ಅದರದ್ದು. ‘ಹೆಫ್ಕೇರ್’ ಎಂಬ ಕಾನೂನು ಪದವೂ ಅದರದ್ದೇ. ಯಾರಿಗೂ ಸೇರದ, ಒಡೆಯನಿಲ್ಲದ ಆಸ್ತಿ ಎಂದರ್ಥ. ಅನ್ಯಧರ್ಮದ ಅಪಿಕೋರೋಸ್‌ಗೆ ಉತ್ತರ ಕೊಡಿ, ಯೆಹೂದಿ ಅಪಿಕೋರೋಸ್‌ನ ಜೊತೆ ವಾದಕ್ಕೆ ಕೂತರೆ ಅವನು ಇನ್ನಷ್ಟು ಕಡಿವಾಣ ಕಿತ್ತುಕೊಳ್ಳುತ್ತಾನೆ ಎಂಬ ಮಾತಿಗೆ ತಾಲ್ಮುಡ್ ಬಳಸುವುದು ಇದೇ ಕ್ರಿಯಾಪದವನ್ನು. ವ್ಯುತ್ಪತ್ತಿಯ ಲೆಕ್ಕದಲ್ಲಿ ಇದು ತಪ್ಪು. ಆದರೆ ಎಪಿಕ್ಯೂರಸ್ ಹೇಳಿದ್ದಾದರೂ ಏನು? ಈ ಜಗತ್ತಿಗೆ ಒಡೆಯನಿಲ್ಲ ಎಂದಲ್ಲವೇ? ತಪ್ಪು ಧಾತು ಅವನ ತತ್ತ್ವದ ಬಾಗಿಲಿಗೇ ಬಂದು ನಿಂತಿತು. ಪದಗಳ ಚರಿತ್ರೆಯಲ್ಲಿ ಇಂಥದ್ದು ಅಪರೂಪ, ಸಿಕ್ಕಾಗ ಮೈ ಜುಮ್ಮೆನ್ನುತ್ತದೆ.

ಮುಂದೆ ಅರಬ್ಬಿ ಭಾಷೆಯ ಕಾಲ ಬಂತು. ಬಾಗ್ದಾದಿನಲ್ಲಿ ಗ್ರೀಕ್ ಗ್ರಂಥಗಳು ಅರಬ್ಬಿಗೆ ಬಂದವು. ಮುಸ್ಲಿಮರು, ಕ್ರೈಸ್ತರು, ಯೆಹೂದಿಗಳು, ಜರತುಷ್ಟ್ರನ ಅನುಯಾಯಿಗಳು ಒಂದೇ ಭಾಷೆಯಲ್ಲಿ ವಾದ ಮಾಡುವಂತಾಯಿತು. ಉತ್ತರ ಕೊಡಲು ಕಲಿತಿರು ಎಂಬ ಹಳೆಯ ಗುರುವಿನ ಮಾತಿಗೆ ಈಗ ನಿಜವಾದ ಕೆಲಸ ಬಿತ್ತು. ಒಂಬತ್ತನೆಯ ಶತಮಾನದಲ್ಲಿ ಈಗಿನ ಅಫ್ಘಾನಿಸ್ತಾನದ ಬಲ್ಖ್ ಊರಿನ ಹಿವೀ ಎಂಬ ಯೆಹೂದಿ, ಧರ್ಮಗ್ರಂಥದ ಮೇಲೆ 200 ಆಕ್ಷೇಪಗಳ ಪುಸ್ತಕ ಬರೆದ. ಆ ಪುಸ್ತಕ ಕಳೆದುಹೋಗಿದೆ. ಅದರಲ್ಲಿ ಏನಿತ್ತೆಂದು ತಿಳಿಯುವುದು ಅದಕ್ಕೆ ಉತ್ತರ ಬರೆದವರಿಂದ, ಅದರಲ್ಲೂ ಸಾದ್ಯಾ ಗಾವೋನ್‌ನ ಪ್ರಾಸಬದ್ಧ ಉತ್ತರದ ತುಣುಕಿನಿಂದ. ಈಜಿಪ್ಟಿನಲ್ಲಿ ಹುಟ್ಟಿ ಇರಾಕಿನ ಸೂರಾ ವಿದ್ಯಾಪೀಠದ ಮುಖ್ಯಸ್ಥನಾದ ಸಾದ್ಯಾ 933ರಲ್ಲಿ ಬರೆದ ‘ನಂಬಿಕೆಗಳು ಮತ್ತು ಅಭಿಪ್ರಾಯಗಳು’ ಗ್ರಂಥದಲ್ಲಿ, ಜಗತ್ತು ಹೇಗೆ ಹುಟ್ಟಿತು ಎಂಬ ಬಗ್ಗೆ ಬೇರೆಬೇರೆಯವರ ಮತಗಳನ್ನು ಒಂದೊಂದಾಗಿ ಎತ್ತಿ ಖಂಡಿಸುತ್ತಾನೆ. ಎಲ್ಲವೂ ಆಕಸ್ಮಿಕ ಎನ್ನುವವರ ಮತವೂ ಅವುಗಳಲ್ಲೊಂದು. ಇನ್ನೊಂದು ಕಡೆ ಕರಾಯಿಟರಿದ್ದರು. ಬರೆದ ಗ್ರಂಥ ಸಾಕು, ರಬ್ಬಿಗಳ ಮೌಖಿಕ ಪರಂಪರೆ ಬೇಡ ಎಂದ ಯೆಹೂದಿ ಪಂಥ ಅವರದು. ವೈದ್ಯ ಬೆನ್ಯಾಮಿನ್‌ನ ಮನೆಯ ಮಾತು ಈಗ ಸಾವಿರಾರು ಜನರ ಸಿದ್ಧಾಂತವಾಗಿತ್ತು.

ಸ್ಪೇನಿನ ಕವಿ ಯೆಹೂದಾ ಹಲೇವಿ 1140ರ ಸುಮಾರಿಗೆ ಅರಬ್ಬಿಯಲ್ಲಿ ಮುಗಿಸಿದ ‘ಕುಜರಿ’ಯ ಆರಂಭವೇ, ತತ್ತ್ವಜ್ಞಾನಿಗಳಿಗೆ, ಇತರ ಧರ್ಮದವರಿಗೆ, ಒಳಗೇ ಇದ್ದು ದಾರಿ ಬಿಟ್ಟವರಿಗೆ ನಿನ್ನ ಉತ್ತರವೇನು ಎಂದು ಯಾರೋ ಕೇಳಿದರು ಎಂದು. ಕಜಾರರ ರಾಜ ಒಬ್ಬ ತತ್ತ್ವಜ್ಞಾನಿ, ಒಬ್ಬ ಕ್ರೈಸ್ತ, ಒಬ್ಬ ಮುಸ್ಲಿಂ, ಕೊನೆಗೆ ಒಬ್ಬ ಯೆಹೂದಿಯ ಮಾತು ಕೇಳುವ ಕಥೆ ಅದು. ಅದರಲ್ಲಿ ಗ್ರೀಕನಾದ ಎಪಿಕ್ಯೂರಸ್ ಹೆಸರು ಹಿಡಿದೇ ಬರುತ್ತಾನೆ. ಎಲ್ಲವನ್ನೂ ಆಕಸ್ಮಿಕವೆಂದವನು, ಸುಖವೇ ಪರಮ ಗುರಿ ಎಂದವನು. ಮರೆತುಹೋಗಿದ್ದ ಮನುಷ್ಯ ಅರಬ್ಬಿಯ ಬಾಗಿಲಿನಿಂದ ಹೀಗೆ ಮರಳಿ ಬಂದ.

ಹಾಗಾದರೆ ಮಿಶ್ನಾದ ಅಪಿಕೋರೋಸ್ ಇವನೇ ಎಂದು ಗುರುತು ಹತ್ತಬೇಕಿತ್ತು. ಅದು ಆಗದೇ ಇದ್ದದ್ದು ಆ ಯುಗದ ಅತಿ ದೊಡ್ಡ ತಲೆಯ ಬರಹದಲ್ಲಿ. ಮೋಶೆ ಬೆನ್ ಮೈಮೊನ್, ಯುರೋಪಿನವರ ಮೈಮೊನಿಡೀಸ್, 1138ರ ಹೊತ್ತಿಗೆ ಸ್ಪೇನಿನ ಕೊರ್ದೊಬಾದಲ್ಲಿ ಹುಟ್ಟಿದವನು. ಅಲ್‌ಮೊಹದ್ ದೊರೆಗಳು 1148ರಲ್ಲಿ ಆ ಊರು ಹಿಡಿದ ಮೇಲೆ ಕುಟುಂಬ ಅಲೆದಾಡಿ, ಮೊರಾಕೊದ ಫೆಜ್, ಪ್ಯಾಲೆಸ್ತೀನಿನ ಅಕ್ಕೊ ದಾಟಿ ಕೈರೋ ಪಕ್ಕದ ಫುಸ್ತಾತಿನಲ್ಲಿ ನೆಲೆ ಕಂಡಿತು. ಈ ಅಲೆದಾಟದ ನಡುವೆಯೇ ಬರೆದು 1168ರಲ್ಲಿ ಮುಗಿಸಿದ ಮಿಶ್ನಾ ವ್ಯಾಖ್ಯಾನದಲ್ಲಿ, ಅಪಿಕೋರೋಸ್ ಎಂಬುದು ಅರಾಮಿಕ್ ಪದ, ತೋರಾವನ್ನೋ ಅದನ್ನು ಕಲಿತವರನ್ನೋ ಹಗುರಾಗಿ ಕಾಣುವವನು ಎಂದರ್ಥ ಎಂದು ಬರೆದುಬಿಟ್ಟ. ಅದೇ ವ್ಯಾಖ್ಯಾನದಲ್ಲಿ ಯೆಹೂದಿ ನಂಬಿಕೆಯ 13 ಮೂಲತತ್ತ್ವಗಳನ್ನು ಮೊದಲ ಬಾರಿಗೆ ಎಣಿಸಿ, ಇವುಗಳಲ್ಲಿ ಒಂದನ್ನು ಒಪ್ಪದವನೂ ಅಪಿಕೋರೋಸ್ ಎಂದ. ಅಲ್ಲಿಯವರೆಗೆ ಬಾಯಿ ಬಿಗಿ ಹಿಡಿಯದವನಿಗೆ ಅಂಟುತ್ತಿದ್ದ ಹೆಸರು ಈಗ ತಲೆಯೊಳಗಿನ ಅಭಿಪ್ರಾಯಕ್ಕೂ ಅಂಟತೊಡಗಿತು. ಇದು ದೊಡ್ಡ ತಿರುವು.

ಸುಮಾರು 1180ರ ಹೊತ್ತಿಗೆ ಮುಗಿದ ಅವನ ಧರ್ಮಶಾಸ್ತ್ರ ಸಂಹಿತೆ ‘ಮಿಶ್ನೆ ತೋರಾ’ದಲ್ಲಿ ಮೊದಲನೆಯದು ‘ಜ್ಞಾನದ ಪುಸ್ತಕ’. ಅದರಲ್ಲಿ ಮೂವರನ್ನು ಅಪಿಕೋರೋಸ್ ಎನ್ನುತ್ತಾನೆ. ಪ್ರವಾದನೆಯೇ ಇಲ್ಲ, ದೇವರಿಂದ ಮನುಷ್ಯನ ಮನಸ್ಸಿಗೆ ಯಾವ ಅರಿವೂ ಇಳಿಯದು ಎನ್ನುವವನು. ಮೋಶೆಯ ಪ್ರವಾದನೆಯನ್ನು ಅಲ್ಲಗಳೆಯುವವನು. ಮನುಷ್ಯರು ಮಾಡುವುದು ಸೃಷ್ಟಿಕರ್ತನಿಗೆ ತಿಳಿಯದು ಎನ್ನುವವನು. ಮೂರನೆಯವನನ್ನು ನೋಡಿ. ತೋಟದಲ್ಲಿ ಕೂತಿದ್ದ ಅದೇ ಮನುಷ್ಯ! ಪಂಡಿತರನ್ನು ಬೈಯುವುದು ಈ ಪಟ್ಟಿಯಲ್ಲಿಲ್ಲ. ಹೆಸರಿನ ಮೂಲ ತಿಳಿಯದೆಯೇ, ಅಥವಾ ತಿಳಿದರೂ ಹೇಳದೆಯೇ, ಪದಕ್ಕೆ ಅದರ ಮೊದಲ ಅರ್ಥವನ್ನು ಮೈಮೊನಿಡೀಸ್ ಮರಳಿಸಿದ.

ಅದರ ಜೊತೆಗೆ ಅವನು ಕಾನೂನನ್ನೂ ಬರೆದ, ಅದನ್ನು ಮುಚ್ಚಿಡಬಾರದು. ಇಂಥವನು ಬಾವಿಗೆ ಬಿದ್ದಿದ್ದು ಬಾವಿಯಲ್ಲಿ ಏಣಿಯಿದ್ದರೆ, ನೆಪ ಹೇಳಿ ಆ ಏಣಿಯನ್ನು ಎಳೆದುಕೊಳ್ಳುವುದು ಧರ್ಮ ಎಂಬ ಹಳೆಯ ವಿಧಿ ಅವನ ಸಂಹಿತೆಯಲ್ಲೂ ಇದೆ. ಓದುವಾಗ ಎದೆ ಹಿಂಡುತ್ತದೆ. ಇನ್ನೊಂದು ಅಧ್ಯಾಯದಲ್ಲಿ ಕರಾಯಿಟರ ಮಕ್ಕಳು ಮೊಮ್ಮಕ್ಕಳ ಬಗ್ಗೆ ಬರೆಯುವಾಗ ಅದೇ ಕೈ ಮೆತ್ತಗಾಗುತ್ತದೆ. ಅವರು ಪರರ ಸೆರೆಗೆ ಸಿಕ್ಕಿ ಅಲ್ಲೇ ಬೆಳೆದ ಮಗುವಿನಂತೆ, ಅವರ ತಪ್ಪೇನು, ಶಾಂತಿಯ ಮಾತಿನಿಂದ ಹತ್ತಿರ ತರಬೇಕು ಎನ್ನುತ್ತಾನೆ.

ಈಗ 1190ರ ಸುಮಾರಿನ ‘ತೊಳಲುವವರ ಮಾರ್ಗದರ್ಶಿ’ಗೆ ಬರೋಣ. ಭಾಷೆ ಅರಬ್ಬಿ, ಲಿಪಿ ಹೀಬ್ರೂ. ಇಲ್ಲಿ ಎಪಿಕ್ಯೂರಸ್ ಒಂದಲ್ಲ, ಹಲವು ಸಲ ಬರುತ್ತಾನೆ. ಹೀಬ್ರೂ ಅಕ್ಷರಗಳಲ್ಲಿ ಆ ಹೆಸರು ಕಾಣುವುದು ಹೆಚ್ಚುಕಮ್ಮಿ ಅಪಿಕೋರೋಸ್‌ನಂತೆಯೇ. ಆದರೂ ಇವನೇ ಅವನು ಎಂದು ಮೈಮೊನಿಡೀಸ್ ಎಲ್ಲೂ ಬರೆಯುವುದಿಲ್ಲ. ಇಸ್ಲಾಮಿನ ಕಲಾಂ ಪಂಥದ ತಾರ್ಕಿಕರನ್ನು ಎದುರಿಸುವ ಕಡೆ ಒಂದು ಸೂಕ್ಷ್ಮ ವ್ಯತ್ಯಾಸ ಗುರುತಿಸುತ್ತಾನೆ. ಪರಮಾಣುವಾದ ಅವರಲ್ಲೂ ಇತ್ತು, ಆದರೆ ಎಪಿಕ್ಯೂರಸ್‌ನ ಪರಮಾಣುಗಳು ಅನಾದಿ, ಇವರ ಪರಮಾಣುಗಳನ್ನು ದೇವರು ಬೇಕಾದಾಗೆಲ್ಲ ಹುಟ್ಟಿಸುತ್ತಲೇ ಇರುತ್ತಾನೆ. ದೇವರಿಗೆ ಕೆಲಸವಿಲ್ಲ ಎಂದು ತೋರಿಸಲು ಗ್ರೀಕನು ಕಟ್ಟಿದ ಕಣಗಳಿಂದಲೇ, ಪ್ರತಿ ಕ್ಷಣವೂ ದೇವರ ಕೆಲಸ ಎಂದು ಅವರು ಸಾಧಿಸಿದರು.

ಪುಸ್ತಕದ ಮೂರನೆಯ ಭಾಗದ ಹದಿನೇಳನೆಯ ಅಧ್ಯಾಯ, ಈ ಪದದ ಹಾದಿ ಹಿಡಿದು ಹೊರಟವರು ನಿಂತು ಓದಬೇಕಾದ ಜಾಗ. ವಿಷಯ ದೇವರ ನಿಗಾ, ಹೀಬ್ರೂವಿನಲ್ಲಿ ಹಷ್ಗಾಹಾ. ಈ ಬಗ್ಗೆ ಲೋಕದಲ್ಲಿರುವ ಮತಗಳು ಐದು ಎಂದು ಶುರುಮಾಡಿ ಮೊದಲು ಕೂರಿಸುವುದು ಎಪಿಕ್ಯೂರಸ್‌ನನ್ನು: ಯಾರ ನಿಗಾವೂ ಇಲ್ಲ, ಎಲ್ಲ ಆಕಸ್ಮಿಕ. ಎರಡನೆಯದು ಅರಿಸ್ಟಾಟಲನದು: ನಿಗಾ ಚಂದ್ರಮಂಡಲದವರೆಗೆ, ಅದರ ಕೆಳಗೆ ಜಾತಿಗಳಿಗೆ ಉಂಟು, ಬಿಡಿ ಜೀವಗಳಿಗಿಲ್ಲ. ಮೂರನೆಯದು ಅಶ್‌ಅರಿ ಮುಸ್ಲಿಮರದು: ಎಲೆಯೊಂದು ಬಿದ್ದರೂ ದೇವರು ಬಯಸಿಯೇ ಬಿದ್ದದ್ದು. ನಾಲ್ಕನೆಯದು ಮುಅತಜಿಲರೆಂಬ ಇನ್ನೊಂದು ಮುಸ್ಲಿಂ ಪಂಥದ್ದು: ದೇವರ ನ್ಯಾಯ ಎಷ್ಟು ಪೂರ್ಣವೆಂದರೆ ಬೆಕ್ಕಿನ ಬಾಯಿಗೆ ಸಿಕ್ಕ ಇಲಿಗೂ ಮುಂದೆ ಪರಿಹಾರವುಂಟು. ಐದನೆಯದು ತೋರಾದ ಮತ. ಅದರಲ್ಲೂ ತಾನು ತಿಳಿದದ್ದು ಹೀಗೆಂದು ಮೈಮೊನಿಡೀಸ್ ಹೇಳುತ್ತಾನೆ: ಬಿಡಿಬಿಡಿಯಾದ ನಿಗಾ ಮನುಷ್ಯನಿಗೆ ಮಾತ್ರ, ಅದೂ ಅವನ ಬುದ್ಧಿ ದೇವರ ಕಡೆ ತೆರೆದಷ್ಟು. ಜೇಡ ನೊಣವನ್ನು ಹಿಡಿದರೆ ಅದು ದೇವರ ತೀರ್ಪಲ್ಲ. ಅಷ್ಟರ ಮಟ್ಟಿಗೆ ಜಗತ್ತಿನ ಬಹುಪಾಲನ್ನು ಅವನು ಆಕಸ್ಮಿಕಕ್ಕೆ ಬಿಟ್ಟುಕೊಟ್ಟ.

ಅಲ್ಲಿ ಅವನು ಎತ್ತಿಕೊಳ್ಳುವ ಉದಾಹರಣೆ ಹಡಗಿನದು. ಹಡಗು ಮುಳುಗಿ ಒಳಗಿದ್ದವರೆಲ್ಲ ಸತ್ತರು. ಮುಳುಗಿದ್ದು ಆಕಸ್ಮಿಕವೇ ಇರಬಹುದು, ಆ ಜನ ಆ ಹಡಗು ಹತ್ತಿದ್ದು ಮಾತ್ರ ಆಕಸ್ಮಿಕವಲ್ಲ, ಅದು ದೇವರ ತೀರ್ಮಾನ, ಆ ತೀರ್ಮಾನದ ನ್ಯಾಯ ನಮ್ಮ ಬುದ್ಧಿಗೆ ಎಟುಕದು ಎನ್ನುತ್ತಾನೆ. ಹಡಗು ತತ್ತ್ವಜ್ಞಾನಿಗಳ ಹಳೆಯ ಉದಾಹರಣೆಯೇ ಇರಬಹುದು. ಆದರೆ ಬರೆಯುತ್ತಿದ್ದವನ ತಮ್ಮ ದಾವಿದ್ ಹಾಗೆಯೇ ಸತ್ತಿದ್ದ. ವ್ಯಾಪಾರ ಮಾಡಿ ಅಣ್ಣನನ್ನು ಸಾಕುತ್ತಿದ್ದವನು, ಅವನು ಓದಿ ಬರೆದುಕೊಂಡಿರಲಿ ಎಂದು. ಹಿಂದೂಸ್ತಾನದ ಕಡೆ ಹೊರಟ ಹಡಗು ಸಮುದ್ರದಲ್ಲಿ ಮುಳುಗಿತು. ಮೈಮೊನಿಡೀಸ್ ಸುಮಾರು ಒಂದು ವರ್ಷ ಹಾಸಿಗೆ ಹಿಡಿದ. ಅಕ್ಕೊದ ಸ್ನೇಹಿತನಿಗೆ 1185ರಲ್ಲಿ ಬರೆದ ಕಾಗದದಲ್ಲೂ ಆ ದುಃಖ ಹಸಿಯಾಗಿದೆ. ಆ ಸಮುದ್ರದ ಈಚೆ ದಡ ನಮ್ಮದು. ಅದಕ್ಕೂ ಒಂದು ತಲೆಮಾರು ಹಿಂದೆ, ಟ್ಯುನೀಸಿಯದ ಯೆಹೂದಿ ವ್ಯಾಪಾರಿ ಅಬ್ರಹಾಂ ಬೆನ್ ಯಿಜು ಮಂಗಳೂರಿನಲ್ಲಿ ವರ್ಷಗಟ್ಟಲೆ ನೆಲೆಸಿ ಕಂಚಿನ ಕಾರ್ಖಾನೆ ನಡೆಸಿದ್ದ. ಅವನ ಕಾಗದಗಳೂ, ಹೊರಡುವ ಮುನ್ನ ದಾವಿದ್ ಅಣ್ಣನಿಗೆ ಬರೆದ ಕಾಗದವೂ ಕೈರೋದ ಗೆನೀಜಾ ಎಂಬ ಹಳೆಯ ಕಾಗದಗಳ ಸಂಗ್ರಹದಲ್ಲೇ ಉಳಿದು ಬಂದಿವೆ. ಹದಿನೇಳನೆಯ ಅಧ್ಯಾಯದಲ್ಲಿ ತಮ್ಮನ ಹೆಸರಿಲ್ಲ. ಆದರೂ ಎಪಿಕ್ಯೂರಸ್‌ನ ಮಾತಿಗೆ ಅಲ್ಲಿ ಕೊಟ್ಟ ಉತ್ತರವನ್ನು ತರ್ಕದ ಅಭ್ಯಾಸವೆಂದು ನನ್ನಿಂದ ಓದಲಾಗದು.

ಎಲ್ಲೆ ಎಳೆದವನ ಕಾಲ ಬುಡಕ್ಕೇ ಆ ಎಲ್ಲೆ ಬಂತು. ದೇವರಿಗೆ ದೇಹವುಂಟೆನ್ನುವವನನ್ನೂ ಮೈಮೊನಿಡೀಸ್ ಧರ್ಮದ ಹೊರಗಿಟ್ಟಿದ್ದ. ದಕ್ಷಿಣ ಫ್ರಾನ್ಸಿನ ಪೊಸ್ಕಿಯೇರ್ ಊರಿನ ಅಬ್ರಹಾಂ ಬೆನ್ ದಾವಿದ್ ಅದರ ಪಕ್ಕದಲ್ಲೇ ಟಿಪ್ಪಣಿ ಬರೆದ: ಅಂಥವನನ್ನು ಹೊರಗಿನವನೆಂದದ್ದು ಏಕೆ? ಇವನಿಗಿಂತ ಹಿರಿಯರೂ ಉತ್ತಮರೂ ಗ್ರಂಥದ ಮಾತನ್ನು ಕಂಡಂತೆ ನಂಬಿ ಆ ದಾರಿಯಲ್ಲಿ ನಡೆದಿದ್ದಾರಲ್ಲ? ಟಿಪ್ಪಣಿಕಾರನಿಗೆ ದೇವರಿಗೆ ದೇಹವುಂಟೆಂದು ತೋರಿರಲಿಲ್ಲ. ತಪ್ಪು ತಿಳಿದವನಿಗೂ ಧರ್ಮದ್ರೋಹಿಗೂ ವ್ಯತ್ಯಾಸವಿದೆ ಎಂಬುದಷ್ಟೇ ಅವನ ನೋವು.

1204ರಲ್ಲಿ ಮೈಮೊನಿಡೀಸ್ ತೀರಿಕೊಂಡ. ಅದೇ ವರ್ಷ ಸಾಮುಯೆಲ್ ಇಬ್ನ್ ತಿಬ್ಬೋನ್ ‘ಮಾರ್ಗದರ್ಶಿ’ಯ ಹೀಬ್ರೂ ಅನುವಾದ ಮುಗಿಸಿದ, ಅರಬ್ಬಿ ಬಾರದ ಯುರೋಪಿನ ಯೆಹೂದಿಗಳ ಕೈಗೂ ಅದು ಸಿಕ್ಕಿತು. 1232ರಲ್ಲಿ ಮಾಂಪೆಲಿಯೇದ ಸೊಲೊಮನ್ ಬೆನ್ ಅಬ್ರಹಾಂ ಮತ್ತು ಅವನ ಶಿಷ್ಯರು ಎರಡು ಪುಸ್ತಕ ಓದಬಾರದೆಂದು ಬಹಿಷ್ಕಾರ ಹೊರಡಿಸಿದರು. ಒಂದು ‘ಮಾರ್ಗದರ್ಶಿ’, ಇನ್ನೊಂದು ‘ಜ್ಞಾನದ ಪುಸ್ತಕ’. ಅಪಿಕೋರೋಸ್ ಯಾರೆಂದು ಲಕ್ಷಣ ಬರೆದ ಪುಟವಿದ್ದದ್ದು ಈ ಎರಡನೆಯದರಲ್ಲೇ. ಎದುರು ಪಕ್ಷದವರು ಪ್ರತಿ ಬಹಿಷ್ಕಾರ ಹಾಕಿದರು. ಗೆರೋನಾದ ನಹ್ಮನಿಡೀಸ್ ಇಬ್ಬರನ್ನೂ ಸಮಾಧಾನಪಡಿಸಲು ದೀರ್ಘ ಪತ್ರ ಬರೆದ. ಜಗಳ ಕ್ರೈಸ್ತ ಅಧಿಕಾರಿಗಳ ಕಿವಿಗೂ ಬಿದ್ದು ಮೈಮೊನಿಡೀಸ್‌ನ ಪುಸ್ತಕಗಳಿಗೆ ಬೆಂಕಿ ಬಿತ್ತೆಂದು ಅಂದಿನ ಪತ್ರಗಳು ಹೇಳುತ್ತವೆ. 1242ರಲ್ಲಿ ಪ್ಯಾರಿಸ್ಸಿನಲ್ಲಿ ಗಾಡಿಗಟ್ಟಲೆ ತಾಲ್ಮುಡ್ ಪ್ರತಿಗಳೇ ಸುಟ್ಟುಹೋದವು. 1305ರಲ್ಲಿ ಬಾರ್ಸಿಲೋನಾದ ಸೊಲೊಮನ್ ಇಬ್ನ್ ಅದ್ರೆತ್, 25 ವರ್ಷ ತುಂಬದವರು ಗ್ರೀಕರ ತತ್ತ್ವಶಾಸ್ತ್ರ ಓದಬಾರದೆಂದು ನಿಷೇಧ ಹೊರಡಿಸಿದ. ಅದೇ ಸುಮಾರಿಗೆ ಇಟಲಿಯಲ್ಲಿ ಡಾಂಟೆ, ತನ್ನ ನರಕದ ಆರನೆಯ ಸುತ್ತಿನಲ್ಲಿ, ಉರಿಯುವ ಗೋರಿಗಳಲ್ಲಿ ಎಪಿಕ್ಯೂರಸ್‌ನನ್ನೂ ಅವನ ಹಿಂಬಾಲಕರನ್ನೂ ಮಲಗಿಸಿದ. ಈ ಒಂದು ವಿಷಯದಲ್ಲಿ ಎರಡೂ ಧರ್ಮದವರಿಗೆ ಭಿನ್ನಾಭಿಪ್ರಾಯವಿರಲಿಲ್ಲ.

ಈ ಹೊಗೆಯ ನಡುವೆ ತಿಳಿಗಾಳಿಯಂಥ ಮಾತು ಬಂದದ್ದು ಸ್ಪೇನಿನ ಜೋಸೆಫ್ ಆಲ್ಬೊನಿಂದ. 1413-14ರಲ್ಲಿ ತೊರ್ತೊಸಾದಲ್ಲಿ, ಪೋಪ್ ಪಟ್ಟಕ್ಕೆ ಹಕ್ಕು ಹೇಳುತ್ತಿದ್ದ ಹದಿಮೂರನೆಯ ಬೆನೆಡಿಕ್ಟ್ ಏರ್ಪಡಿಸಿದ, 69 ಬೈಠಕ್‌ಗಳ ಬಲವಂತದ ವಾದದಲ್ಲಿ ಯೆಹೂದಿಗಳ ಕಡೆಯಿಂದ ನಿಂತವರಲ್ಲಿ ಅವನೂ ಒಬ್ಬ. ತನ್ನ ಜನ ಎದೆಗುಂದಿ ಮತಾಂತರವಾಗುವುದನ್ನು ಕಣ್ಣಾರೆ ಕಂಡವನು. ಅಂಥವನು ಎಲ್ಲೆಯನ್ನು ಇನ್ನಷ್ಟು ಬಿಗಿ ಮಾಡಿದ್ದರೆ ಆಶ್ಚರ್ಯವಿರಲಿಲ್ಲ. ಆದರೆ 1425ರಲ್ಲಿ ಮುಗಿಸಿದ ‘ಮೂಲತತ್ತ್ವಗಳ ಪುಸ್ತಕ’ದ ಆರಂಭದಲ್ಲೇ ಅವನು ಬರೆಯುತ್ತಾನೆ: ತೋರಾವನ್ನು ನಂಬಿ, ಬುದ್ಧಿಯಿಂದ ಅದನ್ನು ಶೋಧಿಸಲು ಹೊರಟು, ಒಂದು ಮೂಲತತ್ತ್ವವನ್ನೇ ತಪ್ಪಾಗಿ ತಿಳಿದುಕೊಂಡವನು ಧರ್ಮದ್ರೋಹಿಯಲ್ಲ. ಅವನು ಜ್ಞಾನಿಗಳ, ಭಕ್ತರ ಸಾಲಿನವನೇ. ತಪ್ಪಿಗೆ ಪ್ರಾಯಶ್ಚಿತ್ತ ಬೇಕು, ಅಷ್ಟೆ. ಈ ಮಾತನ್ನು ನಾನು ಮೈಮೊನಿಡೀಸ್‌ನ ಪಟ್ಟಿಗಿಂತ ಎತ್ತರದಲ್ಲಿಡುತ್ತೇನೆ.

ಆಮ್ಸ್ಟರ್‌ಡಾಮಿನಲ್ಲಿ ಪದ ಮತ್ತೆ ಮೂಲ ಮನುಷ್ಯನನ್ನು ಸಂಧಿಸಿತು. ಆತ್ಮ ದೇಹದೊಡನೆ ಸಾಯುತ್ತದೆ ಎಂದ ಉರಿಯೆಲ್ ದ ಕೋಸ್ತಾ ಬಹಿಷ್ಕಾರದ ಮೇಲೆ ಬಹಿಷ್ಕಾರ ಉಂಡು 1640ರಲ್ಲಿ ಪ್ರಾಣ ಕಳೆದುಕೊಂಡ. 1656ರಲ್ಲಿ ಅಲ್ಲಿಯ ಅದೇ ಯೆಹೂದಿ ಸಮುದಾಯ ತತ್ತ್ವಜ್ಞಾನಿ ಸ್ಪಿನೋಜಾನನ್ನು ಹೊರಹಾಕಿತು. ವರ್ಷಗಳ ಬಳಿಕ ಸ್ಪಿನೋಜಾ ಒಂದು ಪತ್ರದಲ್ಲಿ, ಪ್ಲೇಟೊ, ಅರಿಸ್ಟಾಟಲ್, ಸಾಕ್ರೆಟೀಸರ ಹೆಸರು ಹೇಳಿದರೆ ನನ್ನ ಮೇಲೆ ಹೆಚ್ಚು ಪರಿಣಾಮವಾಗದು, ಎಪಿಕ್ಯೂರಸ್, ಡೆಮಾಕ್ರಿಟಸ್, ಲುಕ್ರೀಶಿಯಸ್‌ರ ಹೆಸರು ಎತ್ತಿದ್ದರೆ ಬೇರೆ ಮಾತು ಎಂಬರ್ಥದಲ್ಲಿ ಬರೆದ. ಅಪಿಕೋರೋಸ್‌ನ ಹೆಸರನ್ನು ಗೌರವದಿಂದ ನೆನೆದ ಯೆಹೂದಿ ಮನೆತನದವನು!

ಪೂರ್ವ ಯುರೋಪಿನ ಯಿಡ್ಡಿಷ್ ಬೀದಿಯಲ್ಲಿ ಇದು ‘ಅಪಿಕೋಯ್ರೆಸ್’ ಆಯಿತು, ಮನೆಮಾತಾಯಿತು. ಅಲ್ಲಿಯ ಜನ ಹೇಳಿಕೊಂಡು ಬಂದ ಕಥೆಯೊಂದಿದೆ. ತಾನು ದೊಡ್ಡ ಅಪಿಕೋಯ್ರೆಸ್ ಎಂದುಕೊಂಡ ಹಳ್ಳಿಯ ಹುಡುಗ ಪಟ್ಟಣದ ಹೆಸರಾಂತ ಅಪಿಕೋಯ್ರೆಸ್‌ನನ್ನು ಹುಡುಕಿಕೊಂಡು ಹೋದ. ಮುದುಕ ಕೇಳಿದ, ತಾಲ್ಮುಡ್ ಓದಿದ್ದೀಯಾ? ಇಲ್ಲ. ಮೈಮೊನಿಡೀಸ್? ಇಲ್ಲ. ಬೈಬಲ್ ಪೂರ್ತಿ? ಇಲ್ಲ. ಹಾಗಾದರೆ ನೀನು ಅಪಿಕೋಯ್ರೆಸ್ ಅಲ್ಲವಪ್ಪ, ಏನೂ ಓದದವನು, ಅಷ್ಟೇ ಎಂದನಂತೆ. ಕಲಿತವರನ್ನು ಹಳಿಯುವವನಿಗೆ ತಾಲ್ಮುಡ್ ಕೊಟ್ಟ ಹೆಸರು ಕಲಿತವನಿಗೇ ಸಲ್ಲುವ ಬಿರುದಾಯಿತು. ಅತ್ತ ಇಂಗ್ಲಿಷಿನಲ್ಲಿ ಅದೇ ಗ್ರೀಕನ ಹೆಸರಿನಿಂದ ಹುಟ್ಟಿದ ‘ಎಪಿಕ್ಯೂರ್’ ಎಂಬ ಪದ ರುಚಿರುಚಿಯಾಗಿ ಉಣ್ಣುವವನಿಗೆ ನಿಂತಿತು. ರೊಟ್ಟಿ ನೀರಿನಲ್ಲಿ ತೃಪ್ತನಾಗಿದ್ದವನಿಗೆ ಇದಕ್ಕಿಂತ ಯೆಹೂದಿಗಳು ಕೊಟ್ಟ ಅರ್ಥವೇ ಹೆಚ್ಚು ನ್ಯಾಯವಾದದ್ದು.

ಏಣಿ ಎಳೆದುಕೊಳ್ಳುವ ಆ ವಿಧಿ ಏನಾಯಿತು? ಇಪ್ಪತ್ತನೆಯ ಶತಮಾನದಲ್ಲಿ ಅದನ್ನು ಎದುರಿಟ್ಟುಕೊಂಡು ಉತ್ತರ ಬರೆದವರು ಲಿಥುವೇನಿಯದಿಂದ ಬಂದು ಇಸ್ರೇಲಿನ ಬ್ನೇ ಬ್ರಾಕ್‌ನಲ್ಲಿ ನೆಲೆಸಿದ ಅವ್ರೊಹಮ್ ಯೆಶಾಯಾ ಕರೆಲಿತ್ಸ್. ತಮ್ಮ ಗ್ರಂಥದ ಹೆಸರಿನಿಂದಲೇ ‘ಹಜೋನ್ ಈಷ್’ ಎಂದು ಪ್ರಸಿದ್ಧರು, 1953ರಲ್ಲಿ ತೀರಿಕೊಂಡರು. ಧರ್ಮಶಾಸ್ತ್ರದಲ್ಲಿ ಎಳ್ಳಷ್ಟೂ ಸಡಿಲ ಬಿಡುವವರಲ್ಲ. ಆ ವಿಧಿ ದೇವರ ನಿಗಾ ಎಲ್ಲರ ಕಣ್ಣಿಗೂ ಕಾಣುತ್ತಿದ್ದ, ಪವಾಡಗಳು ನಡೆಯುತ್ತಿದ್ದ ಕಾಲಕ್ಕೆ ಮಾತ್ರ ಎಂದು ಅವರು ತೀರ್ಪು ಕೊಟ್ಟರು. ಈಗ ಆ ನಿಗಾ ಮರೆಯಾಗಿದೆ. ಕಾಣದ್ದನ್ನು ನಂಬದವನನ್ನು ದಂಡಿಸಿದರೆ ಬಿರುಕು ಮುಚ್ಚುವುದಿಲ್ಲ, ಇನ್ನೂ ದೊಡ್ಡದಾಗುತ್ತದೆ. ಅವರನ್ನು ಪ್ರೀತಿಯ ಹಗ್ಗದಿಂದಲೇ ಎಳೆದು ತರಬೇಕು ಎಂದರು. ದೇವರು ನೋಡುತ್ತಿಲ್ಲ ಎಂದು ಎಪಿಕ್ಯೂರಸ್ ಹೇಳಿ ಆಗ ಇಪ್ಪತ್ತೆರಡು ಶತಮಾನ ಕಳೆದಿತ್ತು.